ಹೊರನಾಡಿನಿಂದ ಬಂದು ನಮ್ಮ ಮನೆಗಳ ಕಥೆ ಬರೆದವರು



ಸಿನಿಮಾದ ಆರಂಭದಲ್ಲಿ ತೆರೆಯ ಮೇಲೆ ಬರುವ ಹೆಸರುಗಳನ್ನು ನಮ್ಮಲ್ಲಿ ಗಮನವಿಟ್ಟು ಓದುವವರು ಕಡಿಮೆ. ನಾಯಕ ಯಾರು, ನಾಯಕಿ ಯಾರು, ಸಂಗೀತ ಯಾರದು ಎಂದು ನೋಡಿಕೊಂಡು, ಉಳಿದ ಹೆಸರುಗಳು ಬರುವ ಹೊತ್ತಿಗೆ ಪಕ್ಕದವರೊಡನೆ ಮಾತಿಗೆ ಇಳಿದಿರುತ್ತೇವೆ. ಆ ಹೆಸರುಗಳ ನಡುವೆ ‘ಚಿತ್ರಕಥೆ’ ಎಂದು ಒಂದು ಸಾಲು ಬಂದು ಹೋಗುತ್ತದೆ. 1977ರ ‘ಕೋಕಿಲ’ ಎಂಬ ಕನ್ನಡ ಚಿತ್ರದಲ್ಲಿ ಆ ಸಾಲಿಗೆ ಸೇರಿದ ಹೆಸರು ಬಾಲು ಮಹೇಂದ್ರ. ಆ ಚಿತ್ರದ ನಿರ್ದೇಶನವೂ ಛಾಯಾಗ್ರಹಣವೂ ಅವರದೇ. ಅದಕ್ಕೆ ಕರ್ನಾಟಕ ಸರ್ಕಾರ ಅತ್ಯುತ್ತಮ ಚಿತ್ರಕಥೆಯ ಪ್ರಶಸ್ತಿಯನ್ನು ಕೊಟ್ಟಿತು. ಪ್ರಶಸ್ತಿ ಪಡೆದವರ ಮನೆಮಾತು ಕನ್ನಡವಾಗಿರಲಿಲ್ಲ. ಅವರು ಕರ್ನಾಟಕದವರಲ್ಲ, ಭಾರತದಲ್ಲಿ ಹುಟ್ಟಿದವರೂ ಅಲ್ಲ. ಅವರ ಊರು ಶ್ರೀಲಂಕೆಯ ಪೂರ್ವ ಕರಾವಳಿಯ ಬಟ್ಟಿಕಲೋವಾ ಪಟ್ಟಣಕ್ಕೆ ಸೇರಿದ ಅಮಿರ್ತಕಳಿ.

ಈ ತಿಂಗಳು ನಮ್ಮ ಪುಟದಲ್ಲಿ ಅವರ ವಿಷಯ ಬರೆಯುವುದಕ್ಕೆ ಕಾರಣವಿದೆ. ಹೊಸೂರು, ಡೆಂಕಣಿಕೋಟೆ, ತಳಿ, ಬಾಗಲೂರು, ಶೂಲಗಿರಿ, ರಾಯಕೋಟೆ, ಕೃಷ್ಣಗಿರಿ ಕಡೆಯ ನಾವು ಗಡಿಯ ಜನ. ಮನೆಯಲ್ಲಿ ಕನ್ನಡ, ಬೀದಿಯಲ್ಲಿ ತೆಲುಗು, ಕಚೇರಿಯಲ್ಲಿ ತಮಿಳು, ಮಕ್ಕಳ ಶಾಲೆಯಲ್ಲಿ ಇಂಗ್ಲಿಷ್. ಹೀಗಿರುವ ನಮಗೆ, ಬೇರೆ ದೇಶದ ಚಿತ್ರರಂಗಕ್ಕೆ ಬಂದು ಐದು ಭಾಷೆಗಳಲ್ಲಿ ಚಿತ್ರ ಮಾಡಿ, ಕೊನೆಗೆ ಒಬ್ಬ ತಾತ ಮತ್ತು ಮೊಮ್ಮಗನ ಭಾಷೆಯ ಕಥೆ ಬರೆದು ಕಣ್ಣುಮುಚ್ಚಿದ ಬರಹಗಾರನ ಬದುಕಿನಲ್ಲಿ ಕಲಿಯುವುದು ಸಾಕಷ್ಟಿದೆ.

ಬಾಲು ಮಹೇಂದ್ರ ಹುಟ್ಟಿದ್ದು 1939ರ ಮೇ 20ರಂದು. ಹುಟ್ಟಿನ ಹೆಸರು ಬಾಲನಾಥನ್ ಬೆಂಜಮಿನ್ ಮಹೇಂದ್ರನ್. ಬಟ್ಟಿಕಲೋವಾದ ಮೆಥಡಿಸ್ಟ್ ಸೆಂಟ್ರಲ್ ಕಾಲೇಜಿನಲ್ಲಿಯೂ ಸಂತ ಮೈಕಲರ ಕಾಲೇಜಿನಲ್ಲಿಯೂ ಅವರು ಓದಿದರು. ಈ ಎರಡನೆಯದು ಯೇಸುಸಭೆಯ ಗುರುಗಳು ಕಟ್ಟಿ ಬೆಳೆಸಿದ ವಿದ್ಯಾಸಂಸ್ಥೆ. ಅಲ್ಲಿ ಕಾಲೇಜು ಎಂದರೆ ನಮ್ಮ ಹೈಸ್ಕೂಲಿನ ಹಾಗೆ. ಶಾಲೆಯಲ್ಲಿದ್ದಾಗಲೇ ಒಬ್ಬ ಉಪಾಧ್ಯಾಯರು ಅವರಿಗೆ ಒಳ್ಳೆಯ ಸಿನಿಮಾದ ರುಚಿ ಹಚ್ಚಿದರು. ಇಟಲಿಯ ‘ಬೈಸಿಕಲ್ ಥೀವ್ಸ್’, ನಮ್ಮ ಸತ್ಯಜಿತ್ ರಾಯ್ ಅವರ ‘ಪಥೇರ್ ಪಾಂಚಾಲಿ’ ಚಿತ್ರಗಳನ್ನು ಅವರು ನೋಡಿದ್ದು ಎಳೆಯ ವಯಸ್ಸಿನಲ್ಲಿ. ಒಂದರಲ್ಲಿ ಬಡ ತಂದೆಯೊಬ್ಬ ಕಳುವಾದ ಸೈಕಲ್ಲನ್ನು ಮಗನ ಕೈಹಿಡಿದು ಊರೆಲ್ಲ ಹುಡುಕುತ್ತಾನೆ. ಇನ್ನೊಂದರಲ್ಲಿ ಬಂಗಾಳದ ಹಳ್ಳಿಯ ಒಂದು ಬಡ ಮನೆ. ಎರಡೂ ಮನೆಯ ಕಥೆಗಳೇ.

ಇದೇ ಕಾಲದ ಇನ್ನೊಂದು ಪ್ರಸಂಗವನ್ನು ಅವರು ದೊಡ್ಡವರಾದ ಮೇಲೂ ಮತ್ತೆ ಮತ್ತೆ ಹೇಳಿಕೊಳ್ಳುತ್ತಿದ್ದರು. ಇಂಗ್ಲೆಂಡಿನ ಹೆಸರಾಂತ ನಿರ್ದೇಶಕ ಡೇವಿಡ್ ಲೀನ್ ತಮ್ಮ ‘ದಿ ಬ್ರಿಡ್ಜ್ ಆನ್ ದಿ ರಿವರ್ ಕ್ವಾಯ್’ ಚಿತ್ರವನ್ನು ಆಗ ಶ್ರೀಲಂಕೆಯಲ್ಲಿ ಚಿತ್ರೀಕರಿಸುತ್ತಿದ್ದರು. ಶಾಲೆಯ ಪ್ರವಾಸಕ್ಕೆ ಹೋಗಿದ್ದ ಹುಡುಗರು ಅದನ್ನು ನಿಂತು ನೋಡಿದರು. ನಿರ್ದೇಶಕರು ‘ಮಳೆ’ ಎಂದು ಕೂಗಿದರಂತೆ, ಒಡನೆಯೇ ಮಳೆ ಸುರಿಯಿತಂತೆ! ನೀರು ಸುರಿಸಿದ್ದು ಯಂತ್ರ. ಆದರೆ ಆ ಹುಡುಗನಿಗೆ ಅದು ಯಂತ್ರವಾಗಿ ಕಾಣಲಿಲ್ಲ. ಒಬ್ಬ ಮನುಷ್ಯ ‘ಮಳೆ’ ಎಂದರೆ ಮಳೆ ಬರುವ ಕೆಲಸವೊಂದು ಲೋಕದಲ್ಲಿದೆ ಎಂಬುದು ಅವತ್ತು ಮನಸ್ಸಿನಲ್ಲಿ ನಾಟಿತು.

ಆ ಕಾಲ ಎಂಥದ್ದು ಎಂಬುದನ್ನೂ ನೆನೆಯಬೇಕು. 1956ರಲ್ಲಿ ಶ್ರೀಲಂಕೆಯ ಸರ್ಕಾರ ಸಿಂಹಳವೊಂದೇ ದೇಶದ ಆಡಳಿತ ಭಾಷೆ ಎಂದು ಕಾಯಿದೆ ಮಾಡಿತು. ಅಲ್ಲಿನ ತಮಿಳರಿಗೆ ತಮ್ಮ ನೆಲದಲ್ಲಿಯೇ ತಮ್ಮ ಭಾಷೆ ಎರಡನೆಯದಾಯಿತು. ಅದೇ 1956ರ ನವೆಂಬರ್ 1ರಂದು ಭಾರತದಲ್ಲಿ ಭಾಷೆಯ ಆಧಾರದ ಮೇಲೆ ರಾಜ್ಯಗಳು ಮರುವಿಂಗಡಣೆಯಾದವು. ನಮ್ಮ ಹೊಸೂರು ಸೀಮೆ ಆಗಿನ ಮದ್ರಾಸ್ ರಾಜ್ಯದಲ್ಲಿ ಉಳಿಯಿತು. ಎರಡೂ ಕಡೆ ಹೋಲಿಕೆಯಿಲ್ಲ. ಅಲ್ಲಿ ಮುಂದೆ ನಡೆದ ರಕ್ತಪಾತ ಇಲ್ಲಿ ನಡೆಯಲಿಲ್ಲ, ದೇವರು ದೊಡ್ಡವನು. ಆದರೂ ಕಾಗದದ ಮೇಲೆ ಎಳೆದ ಒಂದು ಗೆರೆಯಿಂದ ಮನೆಮಾತಿಗೂ ಊರ ಮಾತಿಗೂ ನಡುವೆ ಅಂತರ ಬೀಳುವುದು ಎಂದರೇನೆಂದು ನಮ್ಮ ಹಿರಿಯರು ಬಲ್ಲರು.

ಬಾಲು ಮಹೇಂದ್ರ ಲಂಡನ್ ವಿಶ್ವವಿದ್ಯಾನಿಲಯದ ಪದವಿ ಪಡೆದು, ಕೆಲಕಾಲ ಸರ್ವೆ ಇಲಾಖೆಯಲ್ಲಿ ನಕ್ಷೆ ಬರೆಯುವ ಕೆಲಸ ಮಾಡಿದರು. ಒಂದು ತಮಿಳು ಸಾಹಿತ್ಯ ಪತ್ರಿಕೆಯನ್ನು ನಡೆಸಿದರು. ರೇಡಿಯೋ ಸಿಲೋನಿನ ನಾಟಕಗಳಲ್ಲಿ ದನಿ ಕೊಟ್ಟರು. ಸಿನಿಮಾದ ಆಸೆ ಮಾತ್ರ ಬಿಡಲಿಲ್ಲ. 1966ರಲ್ಲಿ ಸಮುದ್ರ ದಾಟಿ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿಗೆ ಬಂದರು. ಬೇರೆ ವಿಭಾಗದಲ್ಲಿ ಜಾಗ ಸಿಗದ ಕಾರಣ ಛಾಯಾಗ್ರಹಣಕ್ಕೆ ಸೇರಿಕೊಂಡು 1969ರಲ್ಲಿ ಚಿನ್ನದ ಪದಕದೊಡನೆ ಹೊರಬಂದರು. ಸಿಗದಿದ್ದುದಕ್ಕೆ ಅಳುತ್ತಾ ಕೂರದೆ ಸಿಕ್ಕಿದ್ದನ್ನು ಹಿಡಿದದ್ದೇ ಮುಂದೆ ಅವರ ಕೈಹಿಡಿಯಿತು. ಮಲಯಾಳಂ ನಿರ್ದೇಶಕ ರಾಮು ಕಾರ್ಯಾಟ್ ತಮ್ಮ ‘ನೆಲ್ಲು’ ಚಿತ್ರಕ್ಕೆ ಈ ಪರದೇಶದ ಯುವಕನನ್ನು ಕರೆದರು. 1974ರಲ್ಲಿ ತೆರೆಕಂಡ ಆ ಚಿತ್ರ ಅವರಿಗೆ ಕೇರಳ ರಾಜ್ಯದ ಪ್ರಶಸ್ತಿ ತಂದಿತು.

ಇಲ್ಲಿ ಸ್ವಲ್ಪ ನಿಂತು, ಚಿತ್ರಕಥೆ ಎಂದರೇನು ಎಂದು ನೋಡೋಣ. ನಮ್ಮಲ್ಲಿ ‘ಕಥೆ, ಚಿತ್ರಕಥೆ, ಸಂಭಾಷಣೆ’ ಎಂದು ಮೂರನ್ನೂ ಒಂದೇ ಉಸಿರಿನಲ್ಲಿ ಹೇಳುತ್ತಾರೆ. ಮೂರೂ ಬೇರೆ ಬೇರೆ ಕೆಲಸಗಳು. ‘ಓದು ನಿಲ್ಲಿಸಿದ ಮಗನ ಮೇಲೆ ತಂದೆಗೆ ಕೋಪ ಬಂತು’ ಎಂಬುದು ಕಥೆ. ತಂದೆ ಬಾಯಿಬಿಟ್ಟು ಏನು ಬೈದ ಎಂಬುದು ಸಂಭಾಷಣೆ. ತಂದೆ ಬೈಯಲೇ ಇಲ್ಲ, ಮಗ ಬಂದು ಪಕ್ಕದಲ್ಲಿ ಊಟಕ್ಕೆ ಕುಳಿತೊಡನೆ ತಟ್ಟೆಯಲ್ಲಿ ಕೈತೊಳೆದು ಎದ್ದುಹೋದ, ತಾಯಿ ಆ ತಟ್ಟೆಯನ್ನು ನೋಡುತ್ತಾ ನಿಂತಳು ಎಂದು ತೀರ್ಮಾನಿಸುವುದು ಚಿತ್ರಕಥೆ. ಯಾವ ಘಟನೆ ಮೊದಲು, ಯಾವುದು ಆಮೇಲೆ, ಎಲ್ಲಿ ಮಾತು, ಎಲ್ಲಿ ಮೌನ, ನೋಡುವವನಿಗೆ ಯಾವ ವಿಷಯ ಎಷ್ಟು ಹೊತ್ತಿಗೆ ಗೊತ್ತಾಗಬೇಕು, ಇವೆಲ್ಲ ಚಿತ್ರಕಥೆಗಾರನ ಲೆಕ್ಕ.

ಹೀಗಾಗಿ ಭಾಷೆ ಚೆನ್ನಾಗಿ ಬಾರದವನು ಆ ಭಾಷೆಯಲ್ಲಿ ಸಂಭಾಷಣೆ ಬರೆಯುವುದು ಕಷ್ಟ. ಆದರೆ ಚಿತ್ರಕಥೆ ಬರೆಯಬಹುದು. ಊಟ ಬಿಟ್ಟು ಎದ್ದ ತಂದೆಯ ಸಂಕಟ ಹೊಸೂರಿನಲ್ಲಿಯೂ ಅರ್ಥವಾಗುತ್ತದೆ, ಬಟ್ಟಿಕಲೋವಾದಲ್ಲಿಯೂ ಅರ್ಥವಾಗುತ್ತದೆ. ಲೋಕದ ಚಿತ್ರರಂಗದಲ್ಲಿ ಇಂಥವರು ಹಲವರಿದ್ದಾರೆ. ಹಿಟ್ಲರನ ಕಾಲದಲ್ಲಿ ಜರ್ಮನಿ ಬಿಟ್ಟು ಓಡಿಬಂದ ಯೆಹೂದ್ಯ ಬರಹಗಾರ ಬಿಲ್ಲಿ ವೈಲ್ಡರ್ 1934ರಲ್ಲಿ ಅಮೆರಿಕ ಮುಟ್ಟಿದಾಗ ಇಂಗ್ಲಿಷ್ ಅವರಿಗೆ ಸಲೀಸಾಗಿರಲಿಲ್ಲ. ಚಾರ್ಲ್ಸ್ ಬ್ರಾಕೆಟ್ ಎಂಬ ಅಮೆರಿಕದ ಲೇಖಕರೊಡನೆ ಜೊತೆಗೂಡಿ ಬರೆದು, ಹಾಲಿವುಡ್ಡಿನ ಬಹು ದೊಡ್ಡ ಚಿತ್ರಕಥೆಗಾರರಾದರು. ಜರ್ಮನಿಯ ಕೊಲೋನಿನಲ್ಲಿ ಹುಟ್ಟಿ, ಇಂಗ್ಲೆಂಡಿನಲ್ಲಿ ಬೆಳೆದು, 1951ರಲ್ಲಿ ಮದುವೆಯಾಗಿ ದೆಹಲಿಗೆ ಬಂದ ರೂತ್ ಪ್ರವರ್ ಝಾಬ್ವಾಲಾ ಇಂಗ್ಲಿಷ್ ಚಿತ್ರಗಳಿಗೆ ಚಿತ್ರಕಥೆ ಬರೆದು ಎರಡು ಆಸ್ಕರ್ ಪ್ರಶಸ್ತಿಗಳನ್ನು ಪಡೆದರು. ಹೊರಗಿನಿಂದ ಬಂದವರು ಒಳಗಿನವರು ಗಮನಿಸದ್ದನ್ನು ಗಮನಿಸುತ್ತಾರೆ. ನಮ್ಮ ಮನೆಗೆ ಬಂದ ನೆಂಟರೇ ಅಲ್ಲವೇ ‘ಗೋಡೆ ಬಿರುಕು ಬಿಟ್ಟಿದೆಯಲ್ಲ’ ಎಂದು ಮೊದಲು ಹೇಳುವವರು!

ಬಾಲು ಮಹೇಂದ್ರ ಕನ್ನಡಕ್ಕೆ ಬಂದದ್ದು ಹಾಗೆಯೇ. ಕನ್ನಡ ಚಿತ್ರಗಳು ಹತ್ತಾರು ವರ್ಷ ಮದ್ರಾಸಿನ ಸ್ಟುಡಿಯೋಗಳಲ್ಲಿಯೇ ತಯಾರಾಗುತ್ತಿದ್ದವು. ಅಲ್ಲಿ ಭಾಷೆಯಿಂದ ಭಾಷೆಗೆ ಹೋಗಿಬರುವುದು ಹೊಸದೇನಲ್ಲ. ಆದರೆ ಬೇರೆ ದೇಶದಿಂದ ಬಂದವನೊಬ್ಬ ತನ್ನ ಮೊದಲ ಚಿತ್ರವನ್ನು ತನ್ನದಲ್ಲದ ಕನ್ನಡದಲ್ಲಿ ಬರೆದು ನಿರ್ದೇಶಿಸಿದ್ದು ಅಪರೂಪ. ‘ಕೋಕಿಲ’ದ ಕಥೆ ಚಿಕ್ಕದು. ಬ್ಯಾಂಕಿನಲ್ಲಿ ಕೆಲಸ ಮಾಡುವ ತರುಣನೊಬ್ಬ ಒಂದು ಸಂಸಾರಸ್ಥರ ಮನೆಯಲ್ಲಿ ಊಟ ವಸತಿಗೆ ಹಣ ಕೊಟ್ಟು ಉಳಿದುಕೊಳ್ಳುತ್ತಾನೆ. ಆ ಮನೆಯ ಮಗಳು ಕೋಕಿಲಳಿಗೂ ಅವನಿಗೂ ಪ್ರೀತಿ ಬೆಳೆಯುತ್ತದೆ. ಅವಳಿಲ್ಲದ ಒಂದು ಹೊತ್ತಿನಲ್ಲಿ ಮನೆಗೆಲಸದ ಹುಡುಗಿಯ ವಿಷಯದಲ್ಲಿ ಅವನು ತಪ್ಪುತ್ತಾನೆ. ಆ ಒಂದು ಗಳಿಗೆಯ ಭಾರ ಮೂವರ ಬದುಕಿನ ಮೇಲೂ ಬೀಳುತ್ತದೆ.

ತರುಣನಾಗಿ ಕಮಲ್ ಹಾಸನ್, ಕೋಕಿಲಳಾಗಿ ಶೋಭಾ, ಕೆಲಸದ ಹುಡುಗಿಯಾಗಿ ರೋಜಾ ರಮಣಿ ನಟಿಸಿದರು. ಆ ಮನೆಯನ್ನು ನೋಡಿದ ಕಣ್ಣು ಅತಿಥಿಯ ಕಣ್ಣು. ಅನ್ನ ಹಾಕಿದ ಮನೆಗೆ ಎರಡು ಬಗೆಯುವುದು ಎಷ್ಟು ದೊಡ್ಡ ಪಾಪವೆಂದು ಹೇಳಲು ಉದ್ದದ ಭಾಷಣ ಬೇಕಾಗಲಿಲ್ಲ. ಚಿತ್ರಕಥೆಗೆ ರಾಜ್ಯ ಪ್ರಶಸ್ತಿ, ಕಪ್ಪು ಬಿಳುಪು ಛಾಯಾಗ್ರಹಣಕ್ಕೆ ರಾಷ್ಟ್ರ ಪ್ರಶಸ್ತಿ ಬಂದವು. ಮದ್ರಾಸಿನ ಜನ ಈ ಚಿತ್ರವನ್ನು ಕನ್ನಡದಲ್ಲಿಯೇ ಬಹುದಿನ ನೋಡಿದರು. ಇದೇ ಚಿತ್ರದಲ್ಲಿ ಮೊದಲ ಬಾರಿಗೆ ಕಾಣಿಸಿಕೊಂಡ ಕನ್ನಡದ ಹುಡುಗ ಮೋಹನ್ ಮುಂದೆ ತಮಿಳಿಗೆ ಹೋಗಿ ದೊಡ್ಡ ನಾಯಕನಟನಾದರು. ‘ಕೋಕಿಲ’ ಅವರ ಹೆಸರಿಗೇ ಅಂಟಿಕೊಂಡಿತು. ಲಂಕೆಯವರು ಕನ್ನಡಕ್ಕೆ ಬಂದರು, ಕನ್ನಡದವರು ತಮಿಳಿಗೆ ಹೋದರು.

ಆಮೇಲೆ ಅವರು ತಮಿಳು, ಮಲಯಾಳಂ, ತೆಲುಗು, ಹಿಂದಿ ಎಲ್ಲದರಲ್ಲೂ ಚಿತ್ರ ಮಾಡಿದರು. ಕೋಕಿಲಳ ಕಥೆಯನ್ನೇ 1983ರಲ್ಲಿ ಮಲಯಾಳಂನಲ್ಲಿ ‘ಊಮಕ್ಕುಯಿಲ್’ ಎಂದೂ, 1996ರಲ್ಲಿ ಹಿಂದಿಯಲ್ಲಿ ‘ಔರ್ ಏಕ್ ಪ್ರೇಮ್ ಕಹಾನಿ’ ಎಂದೂ ಮತ್ತೆ ತೆಗೆದರು. ಹಿಂದಿಯಲ್ಲಿ ನಾಯಕ ನಮ್ಮ ಕನ್ನಡದ ರಮೇಶ್ ಅರವಿಂದ್. ತಮಗೆ ಪೂರ್ತಿ ವಶವಾಗದ ಭಾಷೆಯ ಮಾತನ್ನು ಬಲ್ಲವರಿಗೆ ಬಿಟ್ಟುಕೊಡುವ ಬುದ್ಧಿ ಅವರಿಗಿತ್ತು: 1983ರ ಹಿಂದಿ ‘ಸದ್ಮಾ’ಕ್ಕೆ ಸಂಭಾಷಣೆ ಬರೆದವರು ಕವಿ ಗುಲ್ಜಾರ್. ತಮ್ಮ ಮಾತೃಭಾಷೆ ತಮಿಳಿನಲ್ಲಿಯೂ, 1995ರ ‘ಸತಿ ಲೀಲಾವತಿ’ಯ ನಗೆಮಾತನ್ನು ಕ್ರೇಜಿ ಮೋಹನ್ ಅವರಿಗೆ ಒಪ್ಪಿಸಿದರು. ಮಣಿರತ್ನಂ ಅವರ ಮೊದಲ ಚಿತ್ರವೂ ಕನ್ನಡದ್ದೇ, 1983ರ ‘ಪಲ್ಲವಿ ಅನು ಪಲ್ಲವಿ’. ಅದಕ್ಕೆ ಕ್ಯಾಮರಾ ಹಿಡಿದವರು ಬಾಲು ಮಹೇಂದ್ರ.

ಅವರ ಕಥೆಗಳೆಲ್ಲ ಅವರ ಸ್ವಂತದ್ದಲ್ಲ. 1982ರ ಮಲಯಾಳಂ ‘ಓಳಂಙಳ್’ಗೆ ಎರಿಕ್ ಸೀಗಲ್ ಅವರ ಕಾದಂಬರಿ, 2003ರ ‘ಜೂಲಿ ಗಣಪತಿ’ಗೆ ಸ್ಟೀಫನ್ ಕಿಂಗ್ ಅವರ ಕಾದಂಬರಿ ಮೂಲ. ಅವರ ಸ್ವಂತ ಬದುಕನ್ನೂ ನಾವು ಮಾದರಿಯೆಂದು ಇಲ್ಲಿ ಇಡುತ್ತಿಲ್ಲ. ಮೊದಲೇ ಸಂಸಾರವಿದ್ದ ಅವರು ‘ಕೋಕಿಲ’ದ ನಟಿ ಶೋಭಾಳನ್ನು ಮದುವೆಯಾದರು. ಆ ಹುಡುಗಿ 1980ರ ಮೇ 1ರಂದು, 17ನೆಯ ವಯಸ್ಸಿನಲ್ಲಿ, ತನ್ನ ಜೀವವನ್ನು ಕಳೆದುಕೊಂಡಳು. ಹೆಣ್ಣುಮಕ್ಕಳಿರುವ ಯಾವ ಮನೆಯವರಿಗೂ ಇದು ಕಹಿಯಾದ ಸಂಗತಿ. ಒಬ್ಬನ ಕಲೆಯನ್ನು ಮೆಚ್ಚುವಾಗ ಇಂಥದ್ದನ್ನು ಮರೆಮಾಚಬೇಕಿಲ್ಲ. 1982ರ ‘ಮೂನ್ರಾಂ ಪಿರೈ’ ಆ ಸಾವಿನ ನೆರಳಿನಲ್ಲಿ ಬಂದ ಚಿತ್ರ ಎಂದು ಅವರೇ ಹೇಳಿದ್ದುಂಟು. ನೆನಪು ಕಳೆದುಕೊಂಡು ಮಗುವಿನಂತಾದ ಹೆಣ್ಣೊಬ್ಬಳನ್ನು ಶಾಲೆಯ ಮೇಷ್ಟರೊಬ್ಬ ಊಟಿಯ ಹತ್ತಿರದ ಕೇತಿಗೆ ಕರೆತಂದು ಕಾಪಾಡುತ್ತಾನೆ. ಅವಳಿಗೆ ವಾಸಿಯಾಗಿ ಹಳೆಯ ನೆನಪು ಮರಳುತ್ತದೆ. ಅವನ ನೆನಪು ಅಳಿಸಿಹೋಗುತ್ತದೆ. ರೈಲು ನಿಲ್ದಾಣದ ಆ ಕೊನೆಯ ದೃಶ್ಯವನ್ನು ನೋಡಿದವರು ಮರೆಯುವುದಿಲ್ಲ.

ಅವರ ಬರಹದ ಹೆಚ್ಚುಗಾರಿಕೆ ಕಾಣುವುದು ಮನೆಯ ಕಥೆಗಳಲ್ಲಿ ಎಂದು ನಮಗೆ ಅನಿಸುತ್ತದೆ. 1988ರ ‘ವೀಡು’ ಚಿತ್ರವನ್ನು ತೆಗೆದುಕೊಳ್ಳಿ. ವೀಡು ಎಂದರೆ ಮನೆ. ಮದ್ರಾಸಿನಲ್ಲಿ ಕೆಲಸಕ್ಕೆ ಹೋಗುವ ಸುಧಾ ಎಂಬ ಹೆಣ್ಣುಮಗಳು ತಾತ ಮತ್ತು ತಂಗಿಯೊಡನೆ ಬಾಡಿಗೆ ಮನೆಯಲ್ಲಿದ್ದಾಳೆ. ಮನೆ ಖಾಲಿ ಮಾಡಿರೆಂದು ಮಾಲೀಕರು ಹೇಳುತ್ತಾರೆ. ಸ್ವಂತ ಮನೆ ಕಟ್ಟೋಣವೆಂದು ಸಾಲಕ್ಕೆ ಅಲೆದು, ಅನುಮತಿಗೆ ಅಲೆದು, ಕಂಟ್ರಾಕ್ಟರನ ಕೈಯಲ್ಲಿ ಮೋಸಹೋಗಿ, ಒಂದೊಂದು ಇಟ್ಟಿಗೆಗೂ ಕಣ್ಣೀರು ಹಾಕುತ್ತಾಳೆ. ಅರ್ಧ ಕಟ್ಟಿದ ಮನೆಯನ್ನು ನೋಡಲು ತಾತ ಒಬ್ಬರೇ ಹೋಗುತ್ತಾರೆ. ಗೋಡೆಯನ್ನು ಮುಟ್ಟಿ ಮುಟ್ಟಿ ಸಂತೋಷಪಡುತ್ತಾರೆ. ಆ ಮನೆಯಲ್ಲಿ ಬಾಳುವ ಭಾಗ್ಯ ಮಾತ್ರ ಅವರಿಗಿಲ್ಲ. ಇದರಲ್ಲಿ ಹಾಡಿಲ್ಲ, ಹೊಡೆದಾಟವಿಲ್ಲ. ಹೊಸೂರಿನ ಸುತ್ತ ಸೈಟು ಕೊಂಡು, ಸಾಲ ಮಾಡಿ, ಲಿಂಟಲ್ ಮಟ್ಟಕ್ಕೆ ಬಂದು ನಿಂತ ಗೋಡೆಯನ್ನು ಭಾನುವಾರ ಪೂಜೆ ಮುಗಿಸಿ ನೋಡಿಬರುವ ಸಂಸಾರಗಳಿಗೆ ಇದನ್ನು ವಿವರಿಸಬೇಕಾಗಿಲ್ಲ.

ಈ ಕಥೆಯ ಬೀಜ ಮದ್ರಾಸಿನದಲ್ಲ. ಬಾಲು ಮಹೇಂದ್ರ ಚಿಕ್ಕವರಿದ್ದಾಗ ಅವರ ತಾಯಿ ಊರಿನಲ್ಲಿ ಒಂದು ಮನೆ ಕಟ್ಟಿಸಲು ಹೊರಟರು. ಸದಾ ನಗುತ್ತಿದ್ದ ತಾಯಿ ಮನೆ ಏಳುತ್ತಾ ಹೋದಂತೆ ಸಿಡುಕಿನವರಾದರು, ನಗುವುದನ್ನು ಮರೆತರು. ಆ ಬದಲಾವಣೆ ಮಗುವಿನ ಮನಸ್ಸಿನಲ್ಲಿ ಉಳಿಯಿತು. ಎಷ್ಟೋ ವರ್ಷಗಳ ಮೇಲೆ ಪರದೇಶದಲ್ಲಿ ಕುಳಿತು ಅದನ್ನು ಬರೆದರು. ಊರು ಬದಲಾಯಿತು, ತಾಯಿಯ ಜಾಗದಲ್ಲಿ ಸುಧಾ ಬಂದಳು, ಆ ಸಂಕಟ ಹಾಗೆಯೇ ಉಳಿಯಿತು. ಅವರ ಯಾವ ಕಥಾಚಿತ್ರವೂ ಬಟ್ಟಿಕಲೋವಾದಲ್ಲಿ ನಡೆಯುವುದಿಲ್ಲ. ಆದರೆ ಅಲ್ಲಿನ ತಾಯಿಯ ಮುಖ ಮದ್ರಾಸಿನ ಹೆಣ್ಣಿನ ಮುಖವಾಗಿ ಭಾರತದವರೆಲ್ಲರ ಕಣ್ಣಿಗೆ ಬಿತ್ತು. ‘ವೀಡು’ ಅತ್ಯುತ್ತಮ ತಮಿಳು ಚಿತ್ರವೆಂದು ರಾಷ್ಟ್ರ ಪ್ರಶಸ್ತಿ ಪಡೆಯಿತು, ಸುಧಾಳಾಗಿ ನಟಿಸಿದ ಅರ್ಚನಾ ದೇಶದ ಅತ್ಯುತ್ತಮ ನಟಿಯಾದರು.

ಮರುವರ್ಷದ ‘ಸಂಧ್ಯಾ ರಾಗಂ’ ಒಬ್ಬ ಮುದುಕರ ಕಥೆ. ಹೆಂಡತಿ ತೀರಿಕೊಂಡ ಮೇಲೆ ಹಳ್ಳಿಯಲ್ಲಿ ಒಂಟಿಯಾಗಿ, ಪಟ್ಟಣದಲ್ಲಿರುವ ತಮ್ಮ ಬಂಧುವಿನ ಚಿಕ್ಕ ಮನೆಗೆ ಬರುತ್ತಾರೆ. ಅಲ್ಲಿ ಯಾರೂ ಕೆಟ್ಟವರಲ್ಲ. ಸಂಬಳ ಸಾಲದು, ಮನೆ ಸಾಲದು, ತಾಳ್ಮೆಯೂ ಸಾಲದು. ತಾವು ಭಾರವಾದೆವೆಂದು ತಿಳಿದ ಹಿರಿಯರು ತಾವಾಗಿಯೇ ವೃದ್ಧಾಶ್ರಮದ ದಾರಿ ಹಿಡಿಯುತ್ತಾರೆ. ಕುಟುಂಬ ಕಲ್ಯಾಣದ ಚಿತ್ರವೆಂದು ಇದಕ್ಕೂ ರಾಷ್ಟ್ರ ಪ್ರಶಸ್ತಿ ಬಂತು. ಅನೇಕರು ಇದನ್ನು ನೋಡಿದ್ದು ದೂರದರ್ಶನದಲ್ಲಿ. ಈ ಎರಡೂ ಚಿತ್ರಗಳ ಮೂಲ ನೆಗೆಟಿವ್‌ಗಳು ಕೆಟ್ಟುಹೋದದ್ದನ್ನು ಅವರು ಕೊನೆಗಾಲದಲ್ಲಿ ನೊಂದು ಹೇಳಿಕೊಳ್ಳುತ್ತಿದ್ದರು. ಚಿತ್ರಗಳನ್ನು ಕಾಪಾಡಿಡುವ ಭಂಡಾರವೊಂದು ತಮಿಳುನಾಡಿನಲ್ಲಿ ಬೇಕೆಂದು ಕೇಳುತ್ತಲೇ ಇದ್ದರು. 2007ರಲ್ಲಿ ಚೆನ್ನೈಯಲ್ಲಿ ‘ಸಿನಿಮಾ ಪಟ್ಟರೈ’ ಎಂಬ ಶಾಲೆ ತೆರೆದು ಯುವಕರಿಗೆ ಕಲಿಸಿದರು. ಇಂದು ಹೆಸರಾದ ಬಾಲಾ, ವೆಟ್ರಿಮಾರನ್, ರಾಮ್, ಸೀನು ರಾಮಸಾಮಿ ಮೊದಲಾದ ನಿರ್ದೇಶಕರು ಅವರ ಬಳಿ ಕೆಲಸ ಕಲಿತವರು.

ಈಗ ಅವರ ಕೊನೆಯ ಚಿತ್ರಕ್ಕೆ ಬರೋಣ. 2013ರ ‘ತಲೈಮುರೈಗಳ್’, ಅಂದರೆ ತಲೆಮಾರುಗಳು. ಬರೆದವರು, ನಿರ್ದೇಶಿಸಿದವರು, ಕ್ಯಾಮರಾ ಹಿಡಿದವರು ಅವರೇ. ಮುಖ್ಯ ಪಾತ್ರವಾದ ತಾತನಾಗಿ ನಟಿಸಿದವರೂ ಅವರೇ. ಹಳ್ಳಿಯ ಸಂಪ್ರದಾಯಸ್ಥ ತಾತನ ಮಗ ಪಟ್ಟಣದಲ್ಲಿ ಕ್ರೈಸ್ತ ಹೆಣ್ಣುಮಗಳನ್ನು ಮದುವೆಯಾಗಿದ್ದಾನೆ. ಆ ಕೋಪದಲ್ಲಿ ತಂದೆ ಮಗನ ಮುಖ ನೋಡದೆ ವರ್ಷಗಳು ಕಳೆದಿವೆ. ತಂದೆಗೆ ಕಾಯಿಲೆಯೆಂದು ಕೇಳಿ ಮಗ ಬರುತ್ತಾನೆ. ಆಮೇಲೆ ಸೊಸೆ ಸ್ಟೆಲ್ಲಾ ಮತ್ತು ಮೊಮ್ಮಗ ಆದಿತ್ಯನೂ ಆ ಮನೆಗೆ ಬರುತ್ತಾರೆ. ತಾತನಿಗೆ ಇಂಗ್ಲಿಷ್ ಬಾರದು, ಮೊಮ್ಮಗನಿಗೆ ತಮಿಳು ಬಾರದು. ಒಂದೇ ರಕ್ತ, ಒಂದೇ ಸೂರು, ನಡುವೆ ಮಾತಿಲ್ಲ.

ಬೇರೆ ಯಾರಾದರೂ ಬರೆದಿದ್ದರೆ ಮೊಮ್ಮಗ ತಾಯ್ನುಡಿ ಕಲಿತು ತಾತನ ಕಾಲಿಗೆ ಬೀಳುವಲ್ಲಿಗೆ ಕಥೆ ಮುಗಿಯುತ್ತಿತ್ತೇನೋ. ಬಾಲು ಮಹೇಂದ್ರ ಹಾಗೆ ಬರೆಯಲಿಲ್ಲ. ತಾತ ಮೊಮ್ಮಗನಿಗೆ ತಮಿಳು ಕಲಿ��ುತ್ತಾರೆ, ಮೊಮ್ಮಗ ತಾತನಿಗೆ ಇಂಗ್ಲಿಷ್ ಕಲಿಸುತ್ತಾನೆ. ಇಬ್ಬರೂ ಗುರು, ಇಬ್ಬರೂ ಶಿಷ್ಯರು. ಒಂದೊಂದು ಪದ ದಾಟಿದಂತೆ ತಾತನ ಮನಸ್ಸಿನ ಬಿಗಿ ಸಡಿಲವಾಗುತ್ತದೆ. ಬೇರೆ ಜಾತಿ, ಬೇರೆ ಧರ್ಮ ಎಂದು ಹೊರಗಿಟ್ಟಿದ್ದ ಸೊಸೆ ಮನೆಯವಳಾಗುತ್ತಾಳೆ. ವರ್ಷಗಟ್ಟಲೆ ಪರಭಾಷೆಗಳ ನಡುವೆ ದುಡಿದವನಿಗೆ ಮಾತ್ರ ಹೊಳೆಯುವ ಮಾತು ಇದು: ಭಾಷೆ ಕಲಿಯುವ ಕೆಲಸ ಚಿಕ್ಕವರದಷ್ಟೇ ಅಲ್ಲ. 2014ರ ಫೆಬ್ರುವರಿ 13ರಂದು ಬಾಲು ಮಹೇಂದ್ರ ಚೆನ್ನೈಯಲ್ಲಿ ತೀರಿಕೊಂಡರು. ಅದಾದ ಮೇಲೆ, ರಾಷ್ಟ್ರೀಯ ಭಾವೈಕ್ಯಕ್ಕಾಗಿ ಕೊಡುವ ನರ್ಗಿಸ್ ದತ್ ಪ್ರಶಸ್ತಿ ಈ ಚಿತ್ರಕ್ಕೆ ಬಂದಿತು.

ಓದುಗರೇ, ಈ ಕಥೆಯಲ್ಲಿ ತಮಿಳು ಇದ್ದ ಜಾಗದಲ್ಲಿ ಕನ್ನಡವನ್ನು ಇಟ್ಟು ನೋಡಿ. ನಮ್ಮ ಧರ್ಮಕೇಂದ್ರಗಳ ಎಷ್ಟೋ ಮನೆಗಳಲ್ಲಿ ಸಂಜೆಯ ಜಪಸರವನ್ನು ಅಜ್ಜಿ ಕನ್ನಡದಲ್ಲಿ ಹೇಳಿದರೆ ಮೊಮ್ಮಗು ಇಂಗ್ಲಿಷಿನಲ್ಲಿ ಉತ್ತರಿಸುತ್ತದೆ. ಮಗು ಕನ್ನಡ ಮಾತಾಡುತ್ತದೆ, ಓದಲು ಬಾರದು. ಊರಿನಿಂದ ಬಂದ ಮದುವೆಯ ಕಾಗದವನ್ನು ತಾತನೇ ಕನ್ನಡಕ ಹುಡುಕಿ ಓದಿ ಹೇಳಬೇಕು. ಈ ಪತ್ರಿಕೆಯನ್ನೂ ಮನೆಯಲ್ಲಿ ಐವತ್ತು ದಾಟಿದವರೇ ಓದುತ್ತಾರೆಂದು ನಮಗೆ ಗೊತ್ತಿದೆ. 2006ರಲ್ಲಿ ಬಂದ ತಮಿಳು ಕಲಿಕೆಯ ಕಾಯಿದೆ ಒಂದನೆಯ ತರಗತಿಯಿಂದ ಹಂತಹಂತವಾಗಿ ತಮಿಳನ್ನು ಕಡ್ಡಾಯ ಮಾಡಿತು. ಆ ಹಂತ ಹತ್ತನೆಯ ತರಗತಿಯನ್ನು ಮುಟ್ಟಿದಾಗ ಕನ್ನಡ, ತೆಲುಗು, ಉರ್ದು ಮಕ್ಕಳಿಗೆ ವಿನಾಯಿತಿ ಬೇಕೆಂದು ನ್ಯಾಯಾಲಯದ ಮೆಟ್ಟಿಲು ಹತ್ತಬೇಕಾಯಿತು. ಆ ಹೋರಾಟ ಮಾಡುವವರು ಮಾಡಲಿ, ಅದು ಬೇಕು. ಆದರೆ ಯಾವ ನ್ಯಾಯಾಲಯವೂ ನಮ್ಮ ಮನೆಯ ಜಗುಲಿಯ ಮೇಲೆ ಮಗುವಿಗೆ ಅ ಆ ಇ ಈ ತಿದ್ದಿಸಲಾರದು.

ತಮಿಳು ಕಲಿತರೆ ಕನ್ನಡ ಹೋಗುತ್ತದೆ ಎಂಬ ಭಯ ಬೇಡ. ತಮಿಳು ನಾವು ಬಾಳುತ್ತಿರುವ ನಾಡಿನ ಮಾತು, ನೆರೆಯವರ ಮಾತು, ನಮ್ಮಲ್ಲಿ ಅನೇಕರಿಗೆ ಪೂಜೆಯ ಮಾತು. ಮೂರು ನಾಲ್ಕು ಭಾಷೆ ಕಿವಿಗೆ ಬಿದ್ದು ಬೆಳೆಯುವ ನಮ್ಮ ಮಕ್ಕಳಿಗೆ ಇರುವ ಸೌಲಭ್ಯ ದೊಡ್ಡ ನಗರದ ಮಕ್ಕಳಿಗೂ ಇಲ್ಲ. ಕಥೆ ಬರೆಯುವ, ಸಿನಿಮಾ ಮಾಡುವ ಆಸೆಯಿರುವ ಮಕ್ಕಳಿದ್ದರೆ ‘ಅದೆಲ್ಲ ನಮ್ಮಂಥವರಿಗಲ್ಲ’ ಎಂದು ಬಾಯಿ ಮುಚ್ಚಿಸಬೇಡಿ. ಹೊಸೂರಿನಿಂದ ಬೆಂಗಳೂರು 40 ಕಿಲೋಮೀಟರು. ಬಾಲು ಮಹೇಂದ್ರರಿಗೆ ನಡುವೆ ಸಮುದ್ರವಿತ್ತು. ಕಥೆಗೆ ಬೇಕಾದ ಸಾಮಾನು ಅವರು ಹೊತ್ತು ತಂದದ್ದು ತಾಯಿಯ ಮನೆಯಿಂದ. ನಮ್ಮ ಮಕ್ಕಳು ಮುಂದೆ ಯಾವ ದೇಶಕ್ಕೆ ಹೋದರೂ ಹೊತ್ತು ಹೋಗುವುದಕ್ಕೆ ಮನೆಯಲ್ಲಿ ಏನಾದರೂ ಇರಬೇಕಲ್ಲವೇ? ರಾಗಿ ಹೊಲದ ಮಾತು, ಮುತ್ತಾತ ಮತ್ತಿಗಿರಿಗೋ ಅಂಚೆಟ್ಟಿಗೋ ಬಂದು ನೆಲೆಸಿದ ಮಾತು, ಬರಗಾಲದ ವರ್ಷದ ಮಾತು, ಇವನ್ನು ಹೇಳದೆ ಹೋದರೆ ಅವರ ಕೈಯಲ್ಲಿ ಬರಿಯ ಭಾಷೆಗಳಿರುತ್ತವೆ, ಕಥೆ ಇರುವುದಿಲ್ಲ.

ಆದ್ದರಿಂದ ಈ ಬೇಸಿಗೆ ರಜೆಗೆ ನಮ್ಮದೊಂದು ಸಲಹೆ. ದಿನಕ್ಕೆ ಅರ್ಧ ಗಂಟೆ ತಾತ ಅಥವಾ ಅಜ್ಜಿ ಮೊಮ್ಮಗುವಿಗೆ ಕನ್ನಡ ಅಕ್ಷರ ಕಲಿಸಲಿ. ಇನ್ನರ್ಧ ಗಂಟೆ ಮೊಮ್ಮಗು ಅವರಿಗೆ ಇಂಗ್ಲಿಷಿನ ನಾಲ್ಕು ಮಾತು, ಮೊಬೈಲಿನಲ್ಲಿ ಸಂದೇಶ ಕಳಿಸುವುದು, ತಮಿಳಿನ ಅರ್ಜಿಯಲ್ಲಿ ತಮ್ಮ ಹೆಸರು ಬರೆಯುವುದು ಇಂಥದ್ದನ್ನು ಕಲಿಸಲಿ. ‘ನನಗೆ ಈ ವಯಸ್ಸಿನಲ್ಲಿ ಯಾತಕ್ಕೆ’ ಎಂದು ಹಿರಿಯರು ಹೇಳಬಾರದು. ಹಿರಿಯರು ಶಿಷ್ಯರಾಗಿ ಕೂರುವುದನ್ನು ನೋಡಿದ ಮಗುವಿಗೆ ತಾನೂ ಕಲಿಯುವುದರಲ್ಲಿ ನಾಚಿಕೆ ಇರುವುದಿಲ್ಲ.

ರಜೆಯಲ್ಲಿ ಒಂದು ಸಂಜೆ ಮನೆಯವರೆಲ್ಲ ಸೇರಿ ‘ತಲೈಮುರೈಗಳ್’ ನೋಡಿ. ನೋಡಿ ಮುಗಿದ ಮೇಲೆ ಟಿ.ವಿ. ಆರಿಸಿ, ಅವರು ಹುಟ್ಟಿದ ಮನೆ ಹೇಗಿತ್ತು, ಬಾಗಿಲು ಯಾವ ಕಡೆಗಿತ್ತು, ಯಾರು ಕಟ್ಟಿಸಿದ್ದು ಎಂದು ತಾತನನ್ನೋ ಅಜ್ಜಿಯನ್ನೋ ಕೇಳಿ. ಕೇಳುವ ಕೆಲಸವನ್ನು ಮಕ್ಕಳಿಗೇ ಬಿಡಿ. ಕನ್ನಡದಲ್ಲಿ ಕೇಳಲು ಬಾರದಿದ್ದರೆ ಬಂದ ಭಾಷೆಯಲ್ಲಿ ಕೇಳಲಿ; ಉತ್ತರ ಮಾತ್ರ ನಿಧಾನವಾಗಿ, ಪೂರ್ತಿಯಾಗಿ, ಕನ್ನಡದಲ್ಲಿ ಬರಲಿ.